ಲೋಟಗಳಿದ್ದವು, ಮಾತಿರಲಿಲ್ಲ

ನನ್ನ ಸಾಕ್ಷ್ಯಚಿತ್ರಗಳಲ್ಲಿ ಮಾತನಾಡುವವರ ಮುಖ ಕಾಣಿಸುವುದಿಲ್ಲ. ದೃಶ್ಯವನ್ನೂ ಧ್ವನಿಯನ್ನೂ ಬೇರೆಬೇರೆಯಾಗಿ ದಾಖಲಿಸಿ, ಸಂಕಲನದಲ್ಲಿ ಜೋಡಿಸುತ್ತೇನೆ. ವಿಮರ್ಶಕರು ಇದನ್ನು ಪ್ರಯೋಗವೆಂದರು. ನನಗದು ರಕ್ಷಣೆಯ ಕ್ರಮ: ಸತ್ಯ ಹೇಳಿದ ಕೂಲಿ ಹೆಣ್ಣುಮಗಳನ್ನು ಮರುದಿನ ಹೊಲಕ್ಕೆ ಕರೆಯದ ಊರುಗಳಲ್ಲಿ ನಾನು ಕೆಲಸ ಮಾಡುತ್ತೇನೆ.

ಶಹಾಪುರದ ಹತ್ತಿರ, ಗೋಗಿಯ ಕಡೆಯ ಹಳ್ಳಿಯೊಂದರ ಚಹಾದ ಹೋಟೆಲಿನಲ್ಲಿ, ಹೊರಗೋಡೆಯ ಗೂಡಿನೊಳಗೆ ಕೆಲವು ಸ್ಟೀಲ್ ಲೋಟಗಳನ್ನು ಬೋರಲಾಗಿ ಇಟ್ಟಿದ್ದರು. ದಲಿತರು ಅವುಗಳಲ್ಲೇ ಕುಡಿದು, ತಾವೇ ತೊಳೆದಿಡಬೇಕು. ಇದು ರೂಢಿಯಲ್ಲ, ಅಪರಾಧ. ಕ್ಯಾಮೆರಾ ಅಲುಗಿಸದೆ ಆ ಗೂಡನ್ನು ಚಿತ್ರೀಕರಿಸಿದೆ. ಅದರ ಮೇಲಿನ ಧ್ವನಿ, ಅದೇ ಊರಿನ ದಲಿತ ಓಣಿಯ, ಹತ್ತಿ ಬಿಡಿಸುವ ಒಬ್ಬ ಬೌದ್ಧ ತಾಯಿಯದು.

"ಬೆಂಗಳೂರಾಗ ಆಮ್ಯಾಲ ತೋರಸ್ರಿ ಅಕ್ಕಾರ," ಎಂದು ಆಕೆ ಷರತ್ತು ಹಾಕಿದ್ದಳು. "ಮೊದಲ ಆ ಹೋಟೆಲ್‌ನವನು ಕೇಳಬೇಕು. ದನಿ ಗುರುತ ಹಿಡಿದ್ರ ಹಿಡೀಲಿ."

ಸಂಕಲನಕಾರ, ಸುರಪುರದಲ್ಲಿ ನನ್ನೊಂದಿಗೆ ಓದಿನ ಬಳಗ ಕಟ್ಟಿದವನು. ಸಮಾನತೆಯ ಕುರಿತು ನನಗಿಂತ ಚೆನ್ನಾಗಿ ಮಾತನಾಡುತ್ತಿದ್ದವನು. ಯಾದಗಿರಿಯ ಅವನ ಕೋಣೆಯಲ್ಲಿ ಕುಳಿತು ಅಂತಿಮ ಪ್ರತಿಯನ್ನು ಇಬ್ಬರೂ ಒಪ್ಪಿದ್ದೆವು. ಅದನ್ನು ಶಹಾಪುರದ ಮೊದಲ ಪ್ರದರ್ಶನಕ್ಕೆ ತರುವುದಷ್ಟೇ ಅವನ ಪಾಲಿಗೆ ಉಳಿದಿತ್ತು.

ತಾಯಿ ತನ್ನ ಓಣಿಯ ಹೆಂಗಸರನ್ನು ಷೇರ್ ಆಟೋದಲ್ಲಿ ಕರೆತಂದಿದ್ದಳು. ಹೋಟೆಲಿನ ಯಜಮಾನ ಮೊದಲ ಸಾಲಿನಲ್ಲಿದ್ದ. ಪರದೆಯ ಮೇಲೆ ಗೂಡು ಬಂತು, ಲೋಟಗಳ ಮೇಲೆ ಸಂಜೆಬಿಸಿಲು ಬಂತು. ಮಾತು ಬರಲಿಲ್ಲ. ಅದರ ಜಾಗದಲ್ಲಿ ಕೊಳಲು ನುಡಿಯಿತು. "ನಮ್ಮ ಹೋಟೆಲ್ ನೋಡ್ರಿ," ಎಂದು ಯಜಮಾನ ಪಕ್ಕದವರಿಗೆ ತೋರಿಸಿದ.

ಹಿಂದಿನ ಸಾಲಿನಲ್ಲಿ ಒಬ್ಬ ಹೆಂಗಸು ತಾಯಿಯನ್ನು ತಿವಿದಳು: "ಏನವ್ವ, ನಿನ್ನ ದನಿ ಭಾಳ ಸಣ್ಣ ಆಗ್ಯಾದಲ್ಲ."

ಆಕೆ ನಗಲಿಲ್ಲ.

ಹೊರಗೆ ಗೆಳೆಯನನ್ನು ತಡೆದು ನಿಲ್ಲಿಸಿದೆ. "ಆ ಹೋಟೆಲ್‌ನಂವ ನಮ್ಮ ಸ್ವಾದರಮಾವ ಅಕ್ಕ. ಪಿಕ್ಚರ್ ಹಂಗೇ ಅದ, ಒಂದು ಫ್ರೇಮೂ ಕಡದಿಲ್ಲ," ಎಂದ. ನಿಜವೇ. ಆಕೆಯನ್ನು ಕಾಯಲೆಂದು ಮುಖದಿಂದ ಬೇರ್ಪಡಿಸಿದ ದನಿಯನ್ನು ಅವನು ಗಾಯವೂ ಕಾಣದಂತೆ ತೆಗೆದುಹಾಕಿದ್ದ. ಸುಡಬೇಕಿದ್ದ ದೃಶ್ಯ ಸುಂದರವಾಗಿತ್ತು. ಲೋಟ ಬೇರೆ ಇಟ್ಟದ್ದು ಒಂದು ಅನ್ಯಾಯ. ಅದನ್ನು ಹೇಳಿದವಳ ಬಾಯಿ ಮುಚ್ಚಿದ್ದು ಎರಡನೆಯದು. ಅದಕ್ಕೆ ನೆಂಟಸ್ತಿಕೆಯೆಂಬ ಮೆದು ಹೆಸರು ಕೊಟ್ಟದ್ದು ಮೂರನೆಯದು. ಮೂರನ್ನೂ ಅವನ ಮುಖದ ಮೇಲೆ ಹೇಳಿದೆ. ಅವನು ಕೈಗಡಿಯಾರ ನೋಡಿಕೊಂಡ.

ಮೂಲ ಧ್ವನಿಮುದ್ರಿಕೆ ನನ್ನ ಚೀಲದಲ್ಲಿತ್ತು. ಆಟೋ ನಿಲ್ದಾಣದಲ್ಲಿ ತಾಯಿಗೆ ಹೆಡ್‌ಫೋನ್ ಹಾಕಿದೆ. ಕಣ್ಣು ಮುಚ್ಚಿ, ತಾನಾಡಿದ ಪ್ರತಿಯೊಂದು ಮಾತನ್ನೂ ಆಕೆ ಕೇಳಿದಳು. ನಂತರ ಹೆಡ್‌ಫೋನ್ ತೆಗೆದು ನನ್ನ ಕೈಗಿಟ್ಟಳು.

"ಬರಾಬರ್ ಅದರಿ ಅಕ್ಕಾರ. ಆದ್ರ ನಾ ಕೇಳಿ ಏನ್ ಮಾಡ್ಲಿ? ಇದು ನನಗ ಗೊತ್ತಿದ್ದ ಮಾತ."

ಯಜಮಾನ ತನ್ನ ಮೋಟರ್ ಸೈಕಲ್ ಹತ್ತಿ ಆಗಲೇ ಹೊರಟುಹೋಗಿದ್ದ. ಆಟೋ ಗೋಗಿಯ ದಾರಿಗೆ ತಿರುಗುವವರೆಗೆ ಆಕೆ ನನ್ನ ಕಡೆ ನೋಡಲಿಲ್ಲ.