ಹದಿನೇಳನೇ ಸಾಲಿನ ತಪ್ಪು

ಬೆಳಗಿನ ಆರಕ್ಕೆ ಇನ್ನೂ ಹತ್ತು ನಿಮಿಷವಿದೆ. ಗಣಿತ ವಿಭಾಗದ ಮೂರನೇ ಮಹಡಿಯಲ್ಲಿ, ಕೊನೆಯ ಕೋಣೆಯ ಬೀಗ ತೆಗೆಯುತ್ತಿದ್ದಾರೆ ಐವತ್ತೊಂಬತ್ತರ ಪ್ರೊಫೆಸರ್. ದಿನಾ ಇಷ್ಟು ಹೊತ್ತಿಗೇ ಬಂದು ಎಬ್ಬಿಸುವ ಇವರ ಕಾಟ ತಾಳಲಾರದೆ ಕಾವಲುಗಾರ ಒಂದು ಕೀಲಿಯನ್ನು ಇವರಿಗೇ ಒಪ್ಪಿಸಿ ಕೈತೊಳೆದುಕೊಂಡಿದ್ದಾನೆ. ಒಳಗೆ ಬಂದವರು ಕರಿಹಲಗೆಯ ಕಡೆ ತಿರುಗಿಯೂ ನೋಡದೆ ನೆಟ್ಟಗೆ ಹಿಂದಿನ ಬೆಂಚಿಗೆ ಹೋಗಿ ಕೂರುತ್ತಾರೆ. ಈ ಕೋಣೆಯಲ್ಲಿ ಸೀಮೆಸುಣ್ಣ ವಿದ್ಯಾರ್ಥಿನಿಯ ಕೈಯಲ್ಲೇ ಇರಬೇಕು. ಇಪ್ಪತ್ತೆಂಟು ವರ್ಷದಿಂದ ಹೀಗೇ ನಡೆದುಬಂದಿದೆ.

ಇವತ್ತು ಹಲಗೆಯ ಮುಂದೆ ನಿಂತಿರುವವಳನ್ನು ಎಲ್ಲರೂ ಕರೆಯುವುದು ‘ಟೈಲರ್’ ಎಂದೇ. ಬಸ್ ನಿಲ್ದಾಣದ ಹಿಂದೆ ಅವಳದು ಎರಡು ಹೊಲಿಗೆ ಮೆಷಿನ್ನಿನ ಅಂಗಡಿ. ಹನ್ನೊಂದು ಗಂಟೆಗೆ ಅವಳ ಪಿಎಚ್.ಡಿ. ಮೌಖಿಕ ಪರೀಕ್ಷೆ, ಆರು ವರ್ಷದ ದುಡಿಮೆ ಇವತ್ತು ದಡ ಸೇರಬೇಕು. ಅಲ್ಲಿ ಅವಳು ಪರೀಕ್ಷಕರ ಮುಖ ನೋಡಿಕೊಂಡು ಹೇಳಬೇಕಿರುವ ಮಾತು ಸಣ್ಣದಲ್ಲ. ತನ್ನ ಮೇಡಂ, ಅಂದರೆ ಹಿಂದಿನ ಬೆಂಚಿನಲ್ಲಿ ಕೂತ ಈ ಪ್ರೊಫೆಸರೇ, ಇಪ್ಪತ್ತಾರು ವರ್ಷದ ಹಿಂದೆ ಬರೆದು ಹೆಸರು ಮಾಡಿದ ಲೇಖನದಲ್ಲೇ ತಪ್ಪಿದೆ ಎಂದು ಹೇಳಬೇಕು.

“ಸ್ವಲ್ಪ ಮೆತ್ತಗೆ ಹೇಳ್ಲಾ ಮೇಡಂ? ‘ಮೊದಲಿದ್ದಿದ್ದನ್ನ ಸುಧಾರಿಸಿದೀನಿ’ ಅಂತ?”

“ಸುಧಾರಿಸೋಕೆ ಅದೇನು ಜ್ವರಾನಾ? ತಪ್ಪು ಅಂದ್ರೆ ತಪ್ಪು ಅನ್ನು. ಇನ್ನೊಂದು ಸಲ ಶುರು ಮಾಡು.”

ಈ ಮೊಂಡುತನ ಎಲ್ಲಿಂದ ಬಂತೆಂದು ಕೇಳಿದರೆ ಪ್ರೊಫೆಸರ್ ತಾವು ಓದಿದ ಕಾಲಕ್ಕೆ ಹೋಗುತ್ತಾರೆ. “ಸೆಮಿನಾರಿಗೆ ಹತ್ತು ಜನ ಗಂಡಸರು, ನಾನೊಬ್ಳು. ಒಂದಿನ ‘ಯಾಕೆ ಸರ್?’ ಅಂತ ಕೇಳ್ದೆ. ‘ನಾಳೆ ಮದುವೆ ಆಗಿ ಹೋಗೋಳಿಗೆ ಅದೆಲ್ಲ ಯಾಕಮ್ಮ, ಸುಮ್ನೆ ಬರ್ಕೋ’ ಅಂದ್ರು. ಎಲ್ರೂ ನಕ್ರು. ನಾನೂ ನಕ್ಕೆ ನೋಡಿ, ಅದಕ್ಕೇ ಇವತ್ತಿಗೂ ಮೈ ಉರಿಯುತ್ತೆ.” ಮದುವೆಯಾಯಿತು, ಮಗುವೂ ಆಯಿತು. ಮೂರು ತಿಂಗಳ ಬಾಣಂತಿ ಕೆಲಸಕ್ಕೆ ಹೊರಟಾಗ ನೆಂಟರಿಷ್ಟರೆಲ್ಲ ಮೂಗು ಮುರಿದರು. ಅಕ್ಷರ ಬಾರದ ಅತ್ತೆ ಮಾತ್ರ ಕೂಸನ್ನು ಸೊಂಟಕ್ಕೆ ಹಾಕಿಕೊಂಡು, “ಹೋಗೇ, ಇಲ್ಲಿ ನಿಂತ್ಕೊಂಡು ನನ್ನ ಮುಖ ಏನ್ ನೋಡ್ತೀಯ?” ಎಂದು ಗದರಿ ಕಳಿಸಿದರು.

ಆರರಿಂದ ಎಂಟರವರೆಗಿನ ಈ ತರಗತಿ ಯಾವ ವೇಳಾಪಟ್ಟಿಯಲ್ಲೂ ಇಲ್ಲ. ಮದುವೆ, ಮಕ್ಕಳು, ನೌಕರಿ ಎಂದು ಗಣಿತವನ್ನು ಅರ್ಧಕ್ಕೇ ಬಿಟ್ಟವರಿಗಾಗಿ ಇದು. ಸದ್ಯ ಒಂಬತ್ತು ಮಂದಿ ಬರುತ್ತಾರೆ. ಅವರಲ್ಲಿ ಬ್ಯಾಂಕಿನವಳೊಬ್ಬಳು, ಟಿಕೆಟ್ ಕೌಂಟರಿನವಳೊಬ್ಬಳು. ಶಾಲೆಯ ಟೀಚರೊಬ್ಬಳು ನಿದ್ದೆಗಣ್ಣಿನ ಮಗಳನ್ನು ಹೊತ್ತು ತಂದು ಬೆಂಚಿನ ಮೇಲೆ ಮಲಗಿಸುತ್ತಾಳೆ. ಇಲ್ಲಿಂದ ಎಂ.ಎಸ್ಸಿ. ಮುಗಿಸಿದವರು ಅರವತ್ತನಾಲ್ಕು, ಡಾಕ್ಟರೇಟ್ ಪಡೆದವರು ಹದಿಮೂರು. ‘ಅರ್ಥ ಆಯ್ತು ಮೇಡಂ’ ಎಂಬ ಮಾತು ಇಲ್ಲಿ ನಿಷಿದ್ಧ. ಪ್ರತಿಯೊಬ್ಬಳೂ ದಿನಕ್ಕೊಂದಾದರೂ ‘ಯಾಕೆ’ ಕೇಳಿಯೇ ಮನೆಗೆ ಹೋಗಬೇಕು.

ಆ ನಿಯಮ ಎರಡು ವರ್ಷದ ಹಿಂದೆ ಪ್ರೊಫೆಸರ್ ಕುತ್ತಿಗೆಗೇ ಬಂತು. ಟೈಲರ್ ಆಗ ಮೇಡಂ ಬರೆದ ಆ ಲೇಖನವನ್ನು ಓದುತ್ತಿದ್ದಳು. ಹದಿನೇಳನೇ ಸಾಲಿನಲ್ಲಿ ‘ಇದು ಸ್ಪಷ್ಟ’ ಎಂದಿತ್ತು. ಬಿಡಿಸಿ ಬರೆಯಲು ಬೇಸರವಾದಲ್ಲಿ ಹೀಗೊಂದು ಮಾತು ಹಾಕಿ ಮುಂದೆ ಹೋಗುವುದು ಗಣಿತದವರ ಹಳೇ ಚಾಳಿ. ಟೈಲರ್ ಕೇಳಿದಳು: “ಯಾಕೆ ಸ್ಪಷ್ಟ ಮೇಡಂ?” ಬಿಡಿಸಿ ತೋರಿಸಹೋದ ಮೇಡಂಗೆ ಆಗ ತಪ್ಪು ಕಣ್ಣಿಗೆ ಬಿತ್ತು. ಸಾಲುಸಾಲಾಗಿ ಬರೆದ ಸಂಖ್ಯೆಗಳನ್ನು ಅಡ್ಡಕ್ಕೆ ಕೂಡಿದರೂ ಉದ್ದಕ್ಕೆ ಕೂಡಿದರೂ ಮೊತ್ತ ಒಂದೇ ಎಂದು ಅವರು ನಂಬಿ ಬರೆದಿದ್ದರು. ಸಾಲುಗಳಿಗೆ ಕೊನೆಯಿದ್ದರೆ ಅದು ನಿಜ. ಕೊನೆಯೇ ಇಲ್ಲದಿದ್ದರೆ ಕೆಲವೊಮ್ಮೆ ಎರಡು ಮೊತ್ತ ಬೇರೆಬೇರೆಯಾಗುತ್ತವೆ.

“ಮೂರು ದಿನ ಊಟ ಸೇರ್ಲಿಲ್ಲ. ನಾಲ್ಕನೇ ದಿನ ಅವಳನ್ನ ಕರೆದು, ‘ಇದನ್ನೇ ಹಿಡ್ಕೊಂಡು ಬರಿ’ ಅಂದೆ,” ಎನ್ನುತ್ತಾರೆ ಪ್ರೊಫೆಸರ್. ಲೇಖನ ಪ್ರಕಟಿಸಿದ್ದ ಪತ್ರಿಕೆಗೂ ತಪ್ಪೊಪ್ಪಿ ಅವರೇ ಪತ್ರ ಬರೆದರು. ಟೈಲರ್ ತಪ್ಪನ್ನು ಹಿಡಿದಷ್ಟಕ್ಕೇ ನಿಲ್ಲದೆ, ಯಾವ ಷರತ್ತು ಸೇರಿಸಿದರೆ ಮೇಡಂ ಹೇಳಿದ್ದು ನಿಲ್ಲುತ್ತದೆ ಎಂಬುದನ್ನೂ ಸಾಧಿಸಿದಳು.

ವಿಭಾಗದ ಮುಖ್ಯಸ್ಥರಿಗೆ ಮಾತ್ರ ಇದು ನುಂಗಲಾರದ ತುತ್ತು. ಆ ಲೇಖನದ ಮೊದಲ ಪುಟಕ್ಕೆ ಚೌಕಟ್ಟು ಹಾಕಿಸಿ ಮೊಗಸಾಲೆಯಲ್ಲಿ ತೂಗುಹಾಕಿದವರೇ ಅವರು. ಹೋದ ವಾರ ಪ್ರೊಫೆಸರನ್ನು ಕರೆಸಿದರು. “ರಿಟೈರ್ ಆಗೋಕೆ ಹತ್ತು ತಿಂಗಳಿದೆ ಮೇಡಂ. ಯಾಕೆ ಸುಮ್ನೆ ಮೈಮೇಲೆ ಎಳ್ಕೋತೀರಾ? ಆ ಅಧ್ಯಾಯ ತೆಗೆಸ್ಬಿಡಿ. ಪರೀಕ್ಷಕರು ಒಪ್ಲಿಲ್ಲ ಅಂದ್ರೆ ಆ ಹುಡುಗಿಗೆ ಡಿಗ್ರಿ ಇಲ್ಲ, ಅಷ್ಟೇ.”

“ಅದನ್ನ ತೆಗೆದ್ರೆ ಅವಳ ಥೀಸಿಸ್‌ನಲ್ಲಿ ಉಳಿಯೋದು ರಟ್ಟು ಮಾತ್ರ ಸರ್. ಬೇಕಿದ್ರೆ ಗೋಡೆ ಮೇಲಿರೋದನ್ನ ತೆಗೆಸಿ. ಮೊಳೆ ನಾನೇ ಕೀಳ್ತೀನಿ.”

ಹನ್ನೊಂದಕ್ಕೆ ಪರೀಕ್ಷೆ ಶುರುವಾಗುತ್ತದೆ. ಹೊರಗಿನಿಂದ ಬಂದ ಹಿರಿಯ ಪರೀಕ್ಷಕರು ಕನ್ನಡಕ ತೆಗೆದು ಮೇಜಿನ ಮೇಲಿಡುತ್ತಾರೆ. “ನಿಮ್ಮ ಗೈಡ್ ಇಲ್ಲೇ ಕೂತಿದಾರೆ. ಅವರು ಬರೆದಿದ್ದು ತಪ್ಪು ಅಂತೀರಾ?”

ಟೈಲರ್ ತಿರುಗಿ ನೋಡುತ್ತಾಳೆ. ಪ್ರೊಫೆಸರ್ ಕರ್ಚೀಫನ್ನು ಮುಷ್ಟಿಯಲ್ಲಿ ಹಿಂಡುತ್ತಾ ಫ್ಯಾನಿನ ಕಡೆ ನೋಡುತ್ತಿದ್ದಾರೆ. ‘ಹೌದು, ತಪ್ಪು ನನ್ನದೇ’ ಎಂದು ತಾವೇ ಎದ್ದುಬಿಡುವ ಆಸೆ ನಾಲಗೆಯ ತುದಿಗೆ ಬಂದಿದೆ. ತಾವು ಎದ್ದರೆ ಇವಳ ಮಾತಿಗೆ ಬೆಲೆಯಿಲ್ಲವೆಂದು ಹಲ್ಲು ಕಚ್ಚಿ ಕೂತಿದ್ದಾರೆ.

“ಹೌದು ಸರ್, ತಪ್ಪು. ತೋರಿಸ್ತೀನಿ,” ಎಂದು ಟೈಲರ್ ಹಲಗೆಗೆ ತಿರುಗುತ್ತಾಳೆ. ನಾಲ್ಕು ಸಾಲು ಬರೆದು, ಮುಂದಕ್ಕೆ ಚುಕ್ಕೆಗಳನ್ನಿಡುತ್ತಾಳೆ. ಉದ್ದಕ್ಕೆ ಕೂಡಿದರೆ ಒಂದು, ಅಡ್ಡಕ್ಕೆ ಕೂಡಿದರೆ ಸೊನ್ನೆ. ಪರೀಕ್ಷಕರು ಕನ್ನಡಕ ಹಾಕಿಕೊಂಡು ಎದ್ದು ಬಂದು ತಾವೂ ಒಂದು ಸಲ ಕೂಡಿ ನೋಡುತ್ತಾರೆ. ಹನ್ನೆರಡೂ ಮುಕ್ಕಾಲಿಗೆ ಮೂವರು ಪರೀಕ್ಷಕರ ಸಹಿಯೂ ಬೀಳುತ್ತದೆ.

ಮೊಗಸಾಲೆಯಲ್ಲಿ ಬ್ಯಾಂಕಿನವಳೂ ಟೀಚರೂ ಟೈಲರನ್ನು ತಬ್ಬಿಕೊಂಡು ಅಳುತ್ತಿದ್ದಾರೆ, ನಗುತ್ತಲೂ ಇದ್ದಾರೆ. ಮುಖ್ಯಸ್ಥರು ಪ್ರೊಫೆಸರ್ ಪಕ್ಕಕ್ಕೆ ಬಂದು ದನಿ ತಗ್ಗಿಸುತ್ತಾರೆ. “ನಿಜ ಹೇಳಿ ಮೇಡಂ, ಬೇಜಾರಾಗ್ಲಿಲ್ವಾ?”

“ಬೇಜಾರಾ? ಇಪ್ಪತ್ತಾರು ವರ್ಷ ನೀವೆಲ್ಲ ಅದನ್ನ ಹೊಗಳಿದ್ರಿ ಸರ್. ಓದಿದ್ದು ಇವಳೊಬ್ಬಳೇ.”