ಧಾಮಿಬಾಯಿಯ ತಿಪ್ಪೆ

ಗೋವೆಯ ಸಾಂಖಳಿಯ ಪೇಟೆ ದಾಟಿ ಗೇರುಗುಡ್ಡದ ಕಡೆ ಹೊರಳಿದರೆ ಬಲಕ್ಕೆ ತಗಡು ಹೊದಿಸಿದ ನಾಲ್ಕೈದು ಖೋಲಿಗಳಿವೆ. ಅವುಗಳ ಹಿಂದೆ, ಮನೆಮಾಲಕನ ಪಾಳು ಜಾಗದಲ್ಲಿ, ಧಾಮಿಬಾಯಿಯ ತಿಪ್ಪೆ. ತಿಪ್ಪೆ ಎಂದರೆ ಆಕೆಗೆ ಸಿಟ್ಟು ಬರುತ್ತಿತ್ತು. ಕಸ ಚೆಲ್ಲುವ ಜಾಗಕ್ಕೆ ತಿಪ್ಪೆ ಅನ್ನಬೇಕು, ಇದು ಗೊಬ್ಬರ ಎನ್ನುತ್ತಿದ್ದಳು.

ಮುದ್ದೇಬಿಹಾಳದ ಹತ್ತಿರದ ತಾಂಡಾದಿಂದ ಗಂಡ ಥಾವರೆಪ್ಪನ ಜೊತೆ ಆಕೆ ಗೋವೆಗೆ ಬಂದದ್ದು ರಸ್ತೆ ಕೆಲಸಕ್ಕೆ. ಮನೆಮಾತು ಲಂಬಾಣಿಯಾದರೂ ವಿಜಯಪುರ, ಬಾಗಲಕೋಟೆಯವರೇ ತುಂಬಿದ್ದ ಖೋಲಿಗಳ ಸಾಲಿನಲ್ಲಿ ಇದ್ದು ಇದ್ದು ಗಂಡ ಹೆಂಡತಿಯ ನಡುವೆಯೂ ಕನ್ನಡವೇ ಉಳಿದುಬಿಟ್ಟಿತ್ತು. ಜಲ್ಲಿಕಲ್ಲಿನ ಬುಟ್ಟಿ ಹೊತ್ತು ಸೊಂಟ ಹಿಡಿದ ಮೇಲೆ ಗುತ್ತಿಗೆದಾರ ಆಕೆಯನ್ನು ಕರೆಯುವುದನ್ನು ಬಿಟ್ಟ. ಮನೆಯಲ್ಲಿ ಸುಮ್ಮನೆ ಕೂತಿದ್ದಾಗ ರಸ್ತೆಯ ಮೇಲೆ ಬೀಡಾಡಿ ದನಗಳ ಸಗಣಿ ಗಾಡಿಗಳ ಗಾಲಿಗೆ ಸಿಕ್ಕಿ ಹಾಳಾಗುವುದು ಕಣ್ಣಿಗೆ ಬಿತ್ತು. ತಾಂಡಾದಲ್ಲಿ ಸಗಣಿಗಾಗಿ ಹೆಂಗಸರು ಜಗಳಾಡುತ್ತಿದ್ದರು, ಇಲ್ಲಿ ಕೇಳುವವರೇ ಇರಲಿಲ್ಲ. ಹೀಗೆ ಶುರುವಾಯಿತು. ರಸ್ತೆಯಿಂದ, ದನ ಕಟ್ಟಿದವರ ಕೊಟ್ಟಿಗೆಗಳಿಂದ ಹೊತ್ತು ತಂದು ಒಟ್ಟಿ, ಎಲೆ ಕಸ ಬೆರೆಸಿ, ನೀರು ಚಿಮುಕಿಸಿ ಕೊಳೆಸಿದಳು. ಮರುವರ್ಷ ಕೈಯಲ್ಲಿ ಹಿಡಿದರೆ ಚಹಾಪುಡಿಯಂತೆ ಉದುರುವ ಕಪ್ಪು ಗೊಬ್ಬರ ಸಿದ್ಧವಾಯಿತು. ಆಮೇಲೆ ಅವಳು ಮನೆ ಮನೆಗೆ ಹೋಗಬೇಕಾಗಲಿಲ್ಲ. ತೆಂಗು, ಬಾಳೆ, ಹೂವಿನ ಕುಂಡ ಇದ್ದವರೆಲ್ಲ ತಾವಾಗಿ ಹೇಳಿ ಕಳಿಸುತ್ತಿದ್ದರು.

ಗೊಬ್ಬರದಲ್ಲಿ ಹೆಬ್ಬೆರಳು ಗಾತ್ರದ ಬಿಳಿ ಹುಳಗಳಿರುತ್ತಿದ್ದವು. ಸುತ್ತಿಕೊಂಡು ಮಲಗಿದ, ಕೆಂಪು ತಲೆಯ ಹುಳ. ಕೆಲವರು ಅಸಹ್ಯಪಟ್ಟರೆ ಧಾಮಿಬಾಯಿ ನಗುತ್ತಿದ್ದಳು. ಹುಳ ಇದ್ದರೆ ಗೊಬ್ಬರ ಹದವಾಗಿದೆ ಎಂದರ್ಥ ಎಂದು ಅವಳ ತಾಯಿ ಹೇಳುತ್ತಿದ್ದಳು. ಬುಟ್ಟಿ ತುಂಬುವಾಗ ಒಂದೆರಡು ಹೊರಗೆ ಬಿದ್ದರೆ ಎತ್ತಿ ಮತ್ತೆ ಒಳಗೆ ಹಾಕುತ್ತಿದ್ದಳು.

ಅವಳ ಗಿರಾಕಿಗಳಲ್ಲಿ ಬಹಳ ಬೇಕಾದವರೆಂದರೆ ವ್ಯಾಸರಾಜ ರಾಯರು ಮತ್ತು ಅವರ ಹೆಂಡತಿ ಗೋದಾಬಾಯಿ. ಧಾರವಾಡದವರು. ರಾಯರು ಬ್ಯಾಂಕಿನ ನೌಕರಿಯಲ್ಲಿ ಗೋವೆಗೆ ಬಂದು, ನಿವೃತ್ತರಾದ ಮೇಲೆ ಇಲ್ಲಿಯೇ ಮನೆ ಕಟ್ಟಿಸಿದ್ದರು. ಕಾಂಪೌಂಡಿನ ಉದ್ದಕ್ಕೂ ಗೋದಾಬಾಯಿ ತೆಂಗಿನ ಸಸಿ ನೆಟ್ಟಿದ್ದರು. ಅಂಗಡಿಯಿಂದ ತಂದ ಸಸಿಗಳಲ್ಲ. ಕಾರವಾರದ ತಂಗಿ ಕೊಟ್ಟ ಕಾಯಿಗಳನ್ನು ಬಚ್ಚಲ ನೀರು ಹರಿಯುವ ಮೂಲೆಯಲ್ಲಿ ಹೂತು, ಮೊಳಕೆ ಬರಿಸಿ ಬೆಳೆಸಿದವು. ಪ್ರತಿ ವರ್ಷ ಮಳೆಗಾಲದ ಮೊದಲು ಧಾಮಿಬಾಯಿ ಗೊಬ್ಬರ ಹೊತ್ತು ತಂದು ಬುಡಕ್ಕೆ ತಾನೇ ಹಾಕುತ್ತಿದ್ದಳು. ಕೆಲಸ ಮುಗಿದ ಮೇಲೆ ಗೋದಾಬಾಯಿ ಅವಳನ್ನು ಕಟ್ಟೆಯ ಮೇಲೆ ಕೂಡಿಸಿಕೊಂಡು ಅವಲಕ್ಕಿ, ಚಹಾ ಕೊಟ್ಟು ಊರಿನ ಸುದ್ದಿ ಮಾತಾಡುತ್ತಿದ್ದರು.

ಸಸಿಗಳು ಆಳೆತ್ತರ ದಾಟಿದ ಹೊತ್ತಿಗೆ ಗರಿಗಳು ವಿಚಿತ್ರವಾಗಿ ಬಿಚ್ಚಿಕೊಳ್ಳತೊಡಗಿದವು. ಯಾರೋ ಕತ್ತರಿ ಹಿಡಿದು ಮೂಲೆ ಮೂಲೆಯಾಗಿ ಕತ್ತರಿಸಿದಂತೆ ಎಲೆಗಳು ಅರ್ಧರ್ಧ. ಗೋದಾಬಾಯಿ ಪಕ್ಕದ ಮನೆಯ ಹುಡುಗರ ಮೇಲೆ ಸಂಶಯಪಟ್ಟರು. ಆಮೇಲೆ ಒಂದು ಸಸಿಯ ನಡುಸುಳಿಯೇ ಒಣಗಿತು. ಎಳೆದರೆ ಕೈಗೆ ಬಂತು, ಕೊಳೆತ ವಾಸನೆ ಹೊಡೆಯಿತು. ಪೇಟೆಯ ಅಂಗಡಿಯವನು ರಾಯರಿಗೆ ಒಂದು ಪೊಟ್ಟಣ ಹರಳು ವಿಷ ಕೊಟ್ಟು, ಸುಳಿಯಲ್ಲಿ ಹಾಕಿಸಿರಿ, ಯಾವ ಹುಳವೂ ಉಳಿಯುವುದಿಲ್ಲ, ಮನುಷ್ಯರಿಗೆ ಏನೂ ಮಾಡುವುದಿಲ್ಲ ಎಂದ. ಹಾಕಿಸಿದರೂ ಹೊಸ ತೂತುಗಳು ಬಿದ್ದವು. ಮತ್ತೆ ಹಾಕಿಸಿದರು. ಮೂರನೆಯ ಸಲ ಹಾಕಿಸುವಾಗ ಹಾಕುವವನು ಸಿಗಲಿಲ್ಲ. ಧಾಮಿಬಾಯಿಯೇ ಮುಂದೆ ಬಂದು, ನಮ್ಮ ಮನೆಯವರು ಹಾಕುತ್ತಾರೆ ಎಂದಳು.

ಥಾವರೆಪ್ಪ ಏಣಿ ಇಟ್ಟು ಬರಿಗೈಯಿಂದ ಹರಳು ಹಿಡಿದು ಒಂದೊಂದೇ ಸುಳಿಗೆ ಸುರಿದ. ಬಿಸಿಲಿತ್ತು. ನಡುವೆ ಇಳಿದು, ಅದೇ ಅಂಗೈಯಲ್ಲಿ ತಂಬಾಕು ಸುಣ್ಣ ತಿಕ್ಕಿ ತುಟಿಯೊಳಗೆ ಇಟ್ಟುಕೊಂಡ. ಮನೆಗೆ ಬರುವಷ್ಟರಲ್ಲಿ ಮೈಯೆಲ್ಲ ಬೆವರಿ ಒದ್ದೆಯಾಗಿತ್ತು, ಬಾಯಿಂದ ಜೊಲ್ಲು ನಿಲ್ಲುತ್ತಿರಲಿಲ್ಲ. ವಾಂತಿಯಾಯಿತು. ಕಣ್ಣು ಕಾಣವಲ್ದು ಎಂದ. ಧಾಮಿಬಾಯಿ ಅವನ ಮುಖ ಹಿಡಿದು ನೋಡಿದರೆ ಕಣ್ಣಿನ ಪಾಪೆಗಳು ಸೂಜಿಮೊನೆಯಷ್ಟಾಗಿದ್ದವು.

ಸುದ್ದಿ ತಿಳಿದು ರಾಯರೇ ಗಾಡಿಯಲ್ಲಿ ಹಾಕಿಕೊಂಡು ದೊಡ್ಡಾಸ್ಪತ್ರೆಗೆ ಓಡಿಸಿದರು. ಇನ್ನಷ್ಟು ತಡವಾಗಿದ್ದರೆ ಉಸಿರು ನಿಲ್ಲುತ್ತಿತ್ತು ಎಂದರು ಡಾಕ್ಟರು. ಧಾಮಿಬಾಯಿ ವಾರ್ಡಿನ ಹೊರಗೆ ಗೋಡೆಗೆ ಆತು ಕೂತಳು. ಗಿಡಕ್ಕೆ ಹಾಕುವ ಔಷಧಿ ಮನುಷ್ಯನನ್ನು ಹೀಗೆ ಕೆಡವುತ್ತದೆ ಎಂಬುದು ಅವಳ ತಲೆಗೆ ಹತ್ತಲೇ ಇಲ್ಲ. ಔಷಧಿ ಅಂದರೆ ಔಷಧಿ ಎಂದೇ ಅವಳು ತಿಳಿದಿದ್ದಳು.

ಥಾವರೆಪ್ಪ ಬದುಕಿ ಮನೆಗೆ ಬಂದ. ಆದರೆ ಬಲಗೈ ನಡುಗುವುದು ನಿಲ್ಲಲಿಲ್ಲ. ಚಹಾದ ಲೋಟ ಎರಡೂ ಕೈಯಲ್ಲಿ ಹಿಡಿಯಬೇಕಾಗುತ್ತಿತ್ತು. ವಿಷವನ್ನು ತಂದುಕೊಟ್ಟವರು ತಾವೆಂಬ ಅಳುಕು ರಾಯರಿಗೆ ಅಂಟಿಕೊಂಡಿತು. ಈ ಸಲ ಅಂಗಡಿಗೆ ಹೋಗದೆ ಕೃಷಿ ಕಚೇರಿಗೆ ಹೋದರು. ಅಲ್ಲಿಂದ ಬಂದವಳು ಗೌತಮಿ, ಬೆಳಗಾವಿಯಿಂದ ಗೋವೆಗೆ ಮದುವೆಯಾಗಿ ಬಂದ ಅಧಿಕಾರಿ. ಏಣಿ ಹತ್ತಿ, ತುದಿ ಬಾಗಿಸಿದ ಕಬ್ಬಿಣದ ಕಡ್ಡಿಯನ್ನು ಸುಳಿಯ ತೂತಿನೊಳಗೆ ಹಾಕಿ ತಿರುವಿ, ಕರ್ರಗಿನ ಒಂದು ದುಂಬಿಯನ್ನು ಎಳೆದು ತೆಗೆದಳು. ಅದರ ಮೂಗಿನ ಮೇಲೆ ಒಂದು ಕೊಂಬಿತ್ತು.

ಈ ಕೊಂಬಿನ ದುಂಬಿ ರಾತ್ರಿ ಹಾರಿ ಬಂದು ಮಡಿಚಿದ ಸುಳಿಯನ್ನು ಕೊರೆದು ರಸ ಹೀರುತ್ತದೆ, ಆ ಗರಿ ಬಿಚ್ಚಿಕೊಂಡಾಗ ಕತ್ತರಿಸಿದಂತೆ ಕಾಣುತ್ತದೆ ಎಂದು ಗೌತಮಿ ವಿವರಿಸಿದಳು. ಎಷ್ಟು ವಿಷ ಸುರಿದರೂ ಹೊಸವು ಬರುತ್ತಲೇ ಇರುತ್ತವೆ, ಏಕೆಂದರೆ ಇವು ಹುಟ್ಟುವುದು ತೆಂಗಿನಲ್ಲಲ್ಲ, ಹುಟ್ಟುವ ಜಾಗ ಎಲ್ಲೋ ಹತ್ತಿರದಲ್ಲೇ ಇರಬೇಕು ಎಂದಳು. ಬುಡದ ಗೊಬ್ಬರ ಕೆದಕಿ ನೋಡಿ, ಇದು ಎಲ್ಲಿಯದು ಎಂದು ಕೇಳಿದಳು. ಅಲ್ಲಿಯೇ ನಿಂತಿದ್ದ ಧಾಮಿಬಾಯಿ ಹೆಮ್ಮೆಯಿಂದಲೇ, ನಂದs ರೀ ಎಂದಳು. ಬಂದು ನೋಡಿರೆಂದು ತಾನೇ ಕರೆದುಕೊಂಡು ಹೋದಳು.

ಗೌತಮಿ ಸನಿಕೆ ತೆಗೆದುಕೊಂಡು ರಾಶಿಯ ಬದಿಯನ್ನು ಮೊಣಕಾಲುದ್ದ ಅಗೆದಳು. ಬಿಳಿ ಹುಳಗಳು ಮಣ್ಣಿನೊಂದಿಗೆ ಉರುಳಿ ಬಿದ್ದವು. ಇನ್ನೊಂದು ಕಡೆ ಅಗೆದಳು. ಅಲ್ಲಿಯೂ ಅಷ್ಟೇ.

"ಅಕ್ಕಾರ, ಈ ಹುಳ ಮೊದಲಿಂದ್ಲೂ ಅದಾವೇನ್ರಿ ಇದರಾಗ?"

"ಯಾವಾಗ್ಲೂ ಇರ್ತಾವ್ರಿ. ಇವು ತಿಂದ ಮ್ಯಾಲೇನ ಗೊಬ್ಬರ ಮೆತ್ತಗ ಆಗತೈತಿ. ಹುಳ ಇಲ್ಲದ ಗೊಬ್ಬರ ನಾ ಯಾರಿಗೂ ಕೊಟ್ಟಿಲ್ರಿ."

ಗೌತಮಿ ಒಂದು ಹುಳವನ್ನು ಸನಿಕೆಯ ಮೇಲೆ ಎತ್ತಿ ತೋರಿಸಿದಳು. ಆಮೇಲೆ ಮೆಲ್ಲಗೆ, "ಇವು ಆ ದುಂಬಿ ಮರಿ ಅಕ್ಕಾರ. ಇಲ್ಲೇ ಬೆಳದು, ರೆಕ್ಕಿ ಬಂದ ಮ್ಯಾಲೆ ತೆಂಗಿಗೆ ಹಾರತಾವು," ಎಂದಳು.

ಧಾಮಿಬಾಯಿ ನಂಬಲಿಲ್ಲ. ಮೆತ್ತಗಿನ ಬಿಳಿ ಹುಳವೆಲ್ಲಿ, ಕಲ್ಲಿನಂಥ ಕರಿ ದುಂಬಿಯೆಲ್ಲಿ? ಗೌತಮಿ ವಾದ ಮಾಡಲಿಲ್ಲ. ಮತ್ತಷ್ಟು ಆಳಕ್ಕೆ ಅಗೆದು, ಮಣ್ಣಿನ ಗೂಡಿನಂಥ ಒಂದು ಉಂಡೆಯನ್ನು ಹುಡುಕಿ ತೆಗೆದು ಒಡೆದಳು. ಒಳಗೆ ಕಂದು ಬಣ್ಣದ ಒಂದು ಜೀವ ಮಲಗಿತ್ತು. ಹುಳವೂ ಅಲ್ಲ, ದುಂಬಿಯೂ ಅಲ್ಲ. ಹೊಟ್ಟೆ ಹುಳದ್ದು. ಕಾಲು, ರೆಕ್ಕೆ ಮೈಗೆ ಅಂಟಿಕೊಂಡು ಮಡಿಚಿದ್ದವು. ಮೂಗಿನ ಮೇಲೆ ಕೊಂಬು ಆಗಲೇ ಮೂಡಿತ್ತು. ಮುಟ್ಟಿದ ಕೂಡಲೇ ಅದರ ಹೊಟ್ಟೆ ಅತ್ತಿತ್ತ ತಿರುಗಿತು.

 ಧಾಮಿಬಾಯಿ ಬಗ್ಗಿ ಆ ಕೊಂಬನ್ನು ಕಡ್ಡಿಯಿಂದ ಮುಟ್ಟಿ ನೋಡಿದಳು. ಅವಳ ಕಣ್ಣ ಮುಂದೆ ಗೋದಾಬಾಯಿಯ ಸಸಿಗಳಷ್ಟೇ ಬರಲಿಲ್ಲ. ಬುಟ್ಟಿ ಹೊತ್ತು ಹತ್ತಿದ ಏರುಗಳು, ಒಳಹೊಕ್ಕ ಗೇಟುಗಳು, ಬಿದ್ದ ಹುಳವನ್ನು ಜೋಪಾನವಾಗಿ ಎತ್ತಿ ಬುಡಕ್ಕೆ ಹಾಕಿದ್ದು ಎಲ್ಲವೂ ಬಂದವು. ಆಮೇಲೆ ಸೂಜಿಮೊನೆಯಂಥ ಆ ಕಣ್ಣುಗಳು.

"ಹಂಗಾರ ನಾನs ಹೊತ್ತು ಹಾಕೀನಿ," ಎಂದಳು. "ನಮ್ಮ ಮನಿಯವರಿಗೆ ವಿಷ ಏರಿದ್ದೂ ನನ್ನಿಂದಾನ."

ನಿಮ್ಮದೊಂದೇ ಅಲ್ಲ, ಬಿದ್ದು ಕೊಳೆಯುವ ತೆಂಗಿನ ಕಾಂಡಗಳಲ್ಲೂ ಇವು ಬೆಳೆಯುತ್ತವೆ, ಊರೆಲ್ಲ ಅಂಥವು ಬಿದ್ದಿವೆ ಎಂದು ಗೌತಮಿ ಹೇಳಿದಳು. ಅದು ನಿಜವೂ ಹೌದು. ಆದರೆ ಧಾಮಿಬಾಯಿಯ ಕಿವಿಗೆ ಅದು ಬೀಳಲಿಲ್ಲ.

ಅಂದು ಅವಳು ಒಲೆ ಹಚ್ಚಲಿಲ್ಲ. ಗಂಡನಿಗೆ ಎಲ್ಲ ಹೇಳಿದಳು. ಥಾವರೆಪ್ಪ ಖರೇನಾ ಎಂದು ಒಂದೇ ಮಾತು ಕೇಳಿ ಗೋಡೆಯ ಕಡೆ ಹೊರಳಿದ. ಬೈದಿದ್ದರೆ ಚೆನ್ನಾಗಿತ್ತು ಅನಿಸಿತು ಅವಳಿಗೆ. ಬೆಳಿಗ್ಗೆ ಎದ್ದು ಅವನು ಹೇಳಿದ್ದು ಇಷ್ಟೇ: ಆ ಮೇಡಮ್ಮನ ಹೊರತು ಯಾರಿಗೂ ಗೊತ್ತಿಲ್ಲ, ಸುಮ್ಮನಿರು.

ಅವಳಿಗೆ ಸುಮ್ಮನಿರುವುದು ಆಗಲಿಲ್ಲ. ಮೊದಲು ಗೋದಾಬಾಯಿಯ ಹತ್ತಿರ ಹೋದಳು. ನಿಂತುಕೊಂಡೇ ಹೇಳಿದಳು. ಗೋದಾಬಾಯಿ ಅಡಿಗೆಮನೆಯ ಬಾಗಿಲಿಗೆ ಒರಗಿ ಕೇಳಿದರು. "ಕೈಯಾರೆ ಬೆಳಸಿದ್ದೆ ಧಾಮಿ ನಾ ಅವನ್ನ. ಇವತ್ತ ನನ್ನ ಎದುರಿಗೆ ನಿಲ್ಲಬ್ಯಾಡ, ಹೋಗು," ಎಂದು ಒಳಗೆ ಹೋದರು.

ಅಲ್ಲಿಂದ ಅವಳು ಗೊಬ್ಬರ ಕೊಟ್ಟ ಮನೆಗಳಿಗೆಲ್ಲ ಹೋದಳು. ಅರ್ಧ ಕೊಂಕಣಿ, ಅರ್ಧ ಹಿಂದಿಯಲ್ಲಿ, ಕೈ ಮಾಡಿ ತೋರಿಸಿ ಹೇಳಿದಳು. ಬುಡ ಕೆದಕಿರಿ, ಬಿಳಿ ಹುಳ ಸಿಕ್ಕರೆ ಕೊಲ್ಲಿರಿ, ಸುಳಿಗೆ ಹರಳು ವಿಷ ಹಾಕಬೇಡಿರಿ. ಒಬ್ಬ ತೋಟದವನು ಗೇಟಿನಲ್ಲೇ ಬೈದು ಅಟ್ಟಿದ. ಒಬ್ಬ ಮುದುಕ ಅವಳಿಗೆ ತಲೆ ಕೆಟ್ಟಿದೆಯೆಂದು ನಕ್ಕ. ಕೆಲವರು ಕೆದಕಿ ನೋಡಿ ಗಾಬರಿಯಾದರು. ಆ ವರ್ಷ ಗೊಬ್ಬರಕ್ಕೆ ಹೇಳಿ ಕಳಿಸಿದವರು ಯಾರೂ ಇಲ್ಲ.

ರಾಶಿಗೆ ಸೀಮೆಎಣ್ಣೆ ಸುರಿದು ಬೆಂಕಿ ಹಚ್ಚುತ್ತೇನೆ ಎಂದಳು ಧಾಮಿಬಾಯಿ. ಗೌತಮಿ ಬೇಡವೆಂದಳು. ಕಚೇರಿಯಿಂದ ಒಂದು ಪುಡಿ ತಂದುಕೊಟ್ಟಳು. ಅದು ವಿಷವಲ್ಲ, ಒಂದು ಬಗೆಯ ಬೂಷ್ಟು, ಹುಳಕ್ಕೆ ರೋಗ ತರುತ್ತದೆ, ಮನುಷ್ಯರಿಗೆ, ದನಕ್ಕೆ, ಎರೆಹುಳುವಿಗೆ ಏನೂ ಮಾಡುವುದಿಲ್ಲ ಎಂದಳು. ಧಾಮಿಬಾಯಿ ಪುಡಿಯ ಚೀಲ ಮುಟ್ಟಲು ಒಪ್ಪಲಿಲ್ಲ. ಏನೂ ಮಾಡುವುದಿಲ್ಲ ಎಂದು ಅಂಗಡಿಯವನೂ ಹೇಳಿದ್ದ. ಗೌತಮಿ ಬಾಯಿಗೆ ಬಟ್ಟೆ ಕಟ್ಟಿ, ಕೈಗವಸು ಹಾಕಿಕೊಂಡು, ನೀರಿನಲ್ಲಿ ಕಲಸಿ ತಾನೇ ರಾಶಿಯ ಮೇಲೆಲ್ಲ ಚಿಮುಕಿಸಿದಳು. ಮಳೆಗಾಲ ಶುರುವಾಗಿತ್ತು, ತಂಪಿದ್ದರೆ ಬೂಷ್ಟು ಚೆನ್ನಾಗಿ ಹಬ್ಬುತ್ತದೆ ಎಂದು ಹೇಳಿ ಹೋದಳು.

ಕೆಲವು ವಾರ ಕಳೆದು ಧಾಮಿಬಾಯಿ ರಾಶಿ ಅಗೆದಳು. ಅಗೆದವಳು ಸನಿಕೆ ಬಿಟ್ಟು ಹಿಂದೆ ಸರಿದಳು. ಹುಳಗಳಿದ್ದವು. ಆದರೆ ಅಲುಗುತ್ತಿರಲಿಲ್ಲ. ಹೆಸರುಹಿಟ್ಟಿನಲ್ಲಿ ಹೊರಳಿಸಿದಂತೆ ಮೈತುಂಬ ಹಸಿರು ಬೂಷ್ಟು. ಕಡ್ಡಿಯಿಂದ ತಟ್ಟಿದರೆ ಒಣ ಕಟ್ಟಿಗೆಯ ಸದ್ದು. ಅವುಗಳ ನಡುವೆ ಎರೆಹುಳುಗಳು ಎಂದಿನಂತೆ ಹರಿದಾಡುತ್ತಿದ್ದವು. ನಂಬಲಾಗದೆ ಪಕ್ಕದ ಖೋಲಿಯ ಪರ್ವೀನಳನ್ನು ಕರೆದು ತೋರಿಸಿದಳು. ಪರ್ವೀನ ಸೆರಗಿನಿಂದ ಮೂಗು ಮುಚ್ಚಿಕೊಂಡು, ಇದೇನು ಮಾಟ ಮಾಡಿಸಿದೆ ಎಂದಳು.

ಆದರೂ ಒಂದಿಷ್ಟು ಬದುಕಿದ್ದವು. ಪುಡಿಯೊಂದರಿಂದಲೇ ಮುಗಿಯುವುದಿಲ್ಲ, ಎಲ್ಲ ಕಡೆಯಿಂದಲೂ ದಾರಿ ಕಟ್ಟಬೇಕು ಎಂದಳು ಗೌತಮಿ. ಅವಳು ಹೇಳಿದಂತೆ ರಾಶಿಯನ್ನು ಮೇಲಿಂದ ಮೇಲೆ ತಿರುವಿ ಹಾಕಿದರು. ಕೊರ್ತಾಲಿಮ್‌ನಲ್ಲಿದ್ದ ಧಾಮಿಬಾಯಿಯ ತಂಗಿಯ ಕಡೆಯಿಂದ ಹಳೆಯ ಮೀನಿನ ಬಲೆ ತರಿಸಿ ರಾಶಿಗೆ ಹೊದಿಸಿದರು. ಮೊಟ್ಟೆಯಿಡಲು ಬರುವ ದುಂಬಿಯೂ ಒಳಗಿಂದ ಏಳುವ ದುಂಬಿಯೂ ಅದರಲ್ಲಿ ಸಿಕ್ಕಿಬೀಳಬೇಕು. ರಾಯರ ಹಿತ್ತಲಲ್ಲಿ ದುಂಬಿಗಳನ್ನು ಸೆಳೆಯುವ ವಾಸನೆಯ ಬಕೆಟು ತೂಗುಬಿಟ್ಟರು. ಸುಳಿಯ ಸುತ್ತಿನ ಎಲೆಸಂದುಗಳಿಗೆ ಬೇವಿನ ಹಿಂಡಿ, ಮರಳು ಬೆರೆಸಿ ತುಂಬುವ ಕೆಲಸವನ್ನು ಧಾಮಿಬಾಯಿ ಕೇಳದೆಯೇ ಹೋಗಿ ಮಾಡಿದಳು. ಗೋದಾಬಾಯಿ ಕಿಟಕಿಯಿಂದ ನೋಡುತ್ತಿದ್ದರು. ಮುಂದಿನ ಸಲ ಹೊರಗೆ ಬಂದು ಏಣಿ ಹಿಡಿದುಕೊಂಡರು.

ಸಸಿಗಳಲ್ಲಿ ಸುಮಾರು ಅರ್ಧ ಸತ್ತವು. ಉಳಿದವು ಚೇತರಿಸಿಕೊಳ್ಳುತ್ತಿವೆ. ಒಂದು ವರ್ಷ ಬಿಟ್ಟು ಕೆಲವು ಗಿರಾಕಿಗಳು ಮರಳಿದರು. ಈಗ ಧಾಮಿಬಾಯಿ ಗೊಬ್ಬರವನ್ನು ಅವರ ಮುಂದೆಯೇ ತಾಡಪಾಲಿನ ಮೇಲೆ ಸುರಿದು, ಜರಡಿ ಹಿಡಿದು ಕೊಡುತ್ತಾಳೆ. ಬೈದು ಅಟ್ಟಿದ ತೋಟದವನು ಇಂದಿಗೂ ಬಂದಿಲ್ಲ.

ಥಾವರೆಪ್ಪ ರಸ್ತೆ ಕೆಲಸಕ್ಕೆ ಹೋಗುವುದನ್ನು ಬಿಟ್ಟು ಒಂದು ಗೋದಾಮಿನ ಕಾವಲಿಗೆ ಸೇರಿದ್ದಾನೆ. ಆ ವಿಷದ ಮಾತನ್ನು ಅವನು ಎಂದೂ ಎತ್ತಿರಲಿಲ್ಲ. ಮೊನ್ನೆ ಕೆಲಸದಿಂದ ಬಂದವನು ಮುಖ ತೊಳೆಯಲೆಂದು ಹಿತ್ತಲಿಗೆ ಹೋದಾಗ ಬಲೆಯಲ್ಲಿ ಏನೋ ಒದ್ದಾಡುತ್ತಿತ್ತು. ಬಿಡಿಸಿ ಅಂಗೈ ಮೇಲಿಟ್ಟುಕೊಂಡ. ದುಂಬಿ. ಅಷ್ಟು ಸುಳಿಗಳಿಗೆ ವಿಷ ಸುರಿದಿದ್ದರೂ ಅವನು ಅದನ್ನು ಕಂಡದ್ದು ಅದೇ ಮೊದಲು. ನಡುಗುವ ಕೈಯಲ್ಲಿ ಅದು ಕಾಲು ಆಡಿಸುತ್ತಿತ್ತು. ಹೆಬ್ಬೆರಳಿಗಿಂತ ಸ್ವಲ್ಪ ದೊಡ್ಡದು.

ಬಹಳ ಹೊತ್ತು ನೋಡಿದ. ಧಾಮಿಬಾಯಿ ಬಂದು ಪಕ್ಕ ನಿಂತಳು.

"ಇಷ್ಟs ಐತೇನ ಇದು?" ಎಂದ.

ಅವಳು ಹೂಂ ಎಂದಳು. ಅವನು ದುಂಬಿಯನ್ನು ಬಲೆಗೆ ಸಿಕ್ಕವುಗಳಿಗೆಂದೇ ಇಟ್ಟಿದ್ದ ಸಾಬೂನು ನೀರಿನ ಡಬ್ಬಿಯೊಳಗೆ ಹಾಕಿದ. ಬಲೆಯ ಇನ್ನೊಂದು ತುದಿ ಸರಿದಿತ್ತು. ಇಬ್ಬರೂ ಕೂಡಿ ಅದನ್ನು ಎಳೆದು, ನಾಲ್ಕೂ ಮೂಲೆಗೆ ಕಲ್ಲು ಹೇರಿದರು.