ಡಿಸ್ಪೋಸಬಲ್ ಅಂದರೆ

"ಇದರ ಮ್ಯಾಲ ಇಂಗ್ಲಿಷ್‌ನ್ಯಾಗ ಏನ್ ಬರದಾರ?" ಎಂದು ಕಾಕಾ ಪೇಪರ್ ಕಪ್‌ಗಳ ಪ್ಯಾಕೆಟನ್ನು ನನ್ನ ಮುಂದೆ ಹಿಡಿದರು. ಅವರು ನನ್ನ ಅಪ್ಪನ ತಮ್ಮ. ಕೇಶ್ವಾಪುರದ ನಮ್ಮ ಹೊಸ ಮನೆ ನೋಡಲು ಊರಿನಿಂದ ಬಂದಿದ್ದರು. ಅಕ್ಕಪಕ್ಕದ ಮನೆಯವರೂ ಬಂದು ಕೂತಿದ್ದರು. ನಾನು ಅಡುಗೆಮನೆಯಲ್ಲಿ ಚಹಾ ಸೋಸುತ್ತಿದ್ದೆ.

"ಡಿಸ್ಪೋಸಬಲ್ ಅಂತ ಐತ್ರಿ ಕಾಕಾ. ಒಮ್ಮೆ ಕುಡದು ಒಗಿಯೂದು ಅಂತ ಅರ್ಥ."

"ಎಲ್ಲಾರ ಕಪ್ಪೂ ಒಗಿತಾರೇನು?"

"ಹೌದ್ರಿ, ಎಲ್ಲಾರದೂ."

ಕಾಕಾ ಒಂದು ಕಪ್ ತೆಗೆದು ತಿರುಗಿಸಿ ನೋಡಿದರು. "ನಾ ಸಣ್ಣಾಂವ ಇದ್ದಾಗ ಊರಾಗಿನ ಚಾದಂಗಡ್ಯಾಗ ನಮ್ಮ ಕೇರಿಯವರಿಗೆ ಕಪ್ ಬ್ಯಾರೆ ಇದ್ದುವು. ಕುಡದು, ನಾವ ತೊಳದು, ಹೊರಗಿನ ಗೂಡಿನ್ಯಾಗ ಇಡಬೇಕಿತ್ತು" ಎಂದರು. ಪದದ ಅರ್ಥ ತನಗೆ ಸರಿಯಾಗಿ ತಿಳಿಯಿತೇ ಎಂದು ನೋಡಿಕೊಳ್ಳುವವರ ದನಿ ಅವರದಾಗಿತ್ತು.

ಆಮೇಲೆ ಎಲ್ಲರ ನಡುವೆ ಕೂತು ಚಹಾ ಕುಡಿದರು. ಮುಗಿದ ಮೇಲೆ ಖಾಲಿ ಕಪ್ ಹಿಡಿದು ನಲ್ಲಿಯ ಕಡೆ ಹೊರಟವರು, ನಡುವೆ ನಿಂತು, ತಿರುಗಿ ಬಂದು ಕಸದ ಬುಟ್ಟಿಗೆ ಹಾಕಿದರು.

ಸಂಜೆ ಬುಟ್ಟಿ ಖಾಲಿ ಮಾಡುವಾಗ ಸುಮ್ಮನೆ ಹುಡುಕಿದೆ. ಅದರಲ್ಲಿ ಕಾಕಾನ ಕಪ್ ಯಾವುದೆಂದು ಗೊತ್ತಾಗಲೇ ಇಲ್ಲ.